ಗೌರಿಯ ಹೊಸ ಹಗ್ಗ

ಬೀಗ ಹಾಕಿದ ಮೇಲೆ ಎರಡು ಸಲ ಜಗ್ಗಿ ನೋಡುವವರಲ್ಲಿ ನಾನೊಬ್ಬ. ಮೂರನೆಯ ಸಲ ಜಗ್ಗುವುದು ಹೆಂಡತಿ ಲಲಿತ ನೋಡದಿದ್ದಾಗ. ಹಾನುಬಾಳಿನ ಹತ್ತಿರದ ನಮ್ಮ ಪುಟ್ಟ ಕಾಫಿ ತೋಟಕ್ಕೆ ಅಸ್ಸಾಮಿನ ಆರು ಜನ ಕೆಲಸಕ್ಕೆ ಬಂದ ವರ್ಷ ನನ್ನ ಈ ಗುಣಕ್ಕೆ ಬಿಡುವೇ ಇರಲಿಲ್ಲ. ಅವರು ನಕ್ಕರೂ ಅನುಮಾನ, ಸುಮ್ಮನಿದ್ದರೂ ಅನುಮಾನ.

ಏಪ್ರಿಲ್‌ನಲ್ಲಿ ಅವರಲ್ಲೇ ಹಿರಿಯನಾದ ಭುವನ್ ದಿನಾ ಸಂಜೆ ಕೂಲಿಯವರ ಲೈನ್ ಮನೆ ಮುಂದೆ ಕೂತು ಹಗ್ಗ ಹೊಸೆಯತೊಡಗಿದ. ಇವನಿಗೇಕೆ ಹಗ್ಗ? ಆಮೇಲೆ ಹಿತ್ತಲಿನ ಬದನೆಕಾಯಿ ಕಾಣೆಯಾದವು. ಮರುದಿನ ಬೆಳಿಗ್ಗೆ ನೋಡಿದರೆ ಕೊಟ್ಟಿಗೆಯಲ್ಲಿ ಹಳೇ ಹಗ್ಗವೊಂದೇ ಬಿದ್ದಿದೆ, ತುಂಬಿದ ಗಬ್ಬದ ನಮ್ಮ ಹಸು ಗೌರಿ ಇಲ್ಲ! ಮೂರನ್ನೂ ಜೋಡಿಸಿಕೊಂಡು, ದನಿ ಕೇಳಿಬಂದ ಹಳ್ಳದ ಕಡೆ ಓಡಿದೆ.

ಗೌರಿ ಮೈತುಂಬ ಅರಿಸಿನ ಬಳಿಸಿಕೊಂಡು ನೀರಲ್ಲಿ ನಿಂತಿದ್ದಳು. ಭುವನ್ ಹಾಡುತ್ತಾ ಅವಳತ್ತ ಬದನೆಕಾಯಿ ಹೋಳು ಎಸೆಯುತ್ತಿದ್ದ. ತಮಿಳುನಾಡಿನಿಂದ ಬಂದು ಲೈನಿನಲ್ಲೇ ಮುದುಕಿಯಾದ ಸೆಲ್ವಿ ಕೊಂಬಿಗೆ ಕೆಂಪು ಬಣ್ಣ ಹಚ್ಚುತ್ತಿದ್ದಳು.

"ನಾಳೆನೇ ಗಂಟು ಕಟ್ಕೊಂಡು ಹೊರಡ್ರೋ!" ಎಂದು ಕೂಗಾಡಿಬಿಟ್ಟೆ.

"ಅಯ್ಯೋ ಗೌಡ್ರೇ, ಅವ್ರ ಹೊಸ ವರ್ಷದ ಬಿಹು ಹಬ್ಬ ಐತೆ. ದನದ ಮೈ ತೊಳ್ದು, ಬದ್ನೆಕಾಯಿ ಎಸ್ದು, ಹೊಸ ಹಗ್ಗ ಹಾಕ್ತಾರಂತೆ. ಬಣ್ಣ ನಂದು, ಪೊಂಗಲ್‌ನಾಗೆ ಮಿಕ್ಕಿದ್ದು. ಬದ್ನೆಕಾಯಿ ಕೊಟ್ಟಿದ್ದು ಲಲಿತಮ್ಮೋರೇ," ಎಂದಳು ಸೆಲ್ವಿ.

ನಾವು ದೀಪಾವಳಿಗೆ, ಸೆಲ್ವಿ ಪೊಂಗಲ್‌ಗೆ, ಇವರು ಬಿಹುವಿಗೆ. ಊರು, ಭಾಷೆ ಬೇರೆಯಾದರೂ ದನದ ಮೈ ತೊಳೆದು ಹಬ್ಬ ಮಾಡದ ಜನ ಇದ್ದಂತಿಲ್ಲ. ಇದೆಲ್ಲ ಹೊಳೆದದ್ದು ಮನೆಗೆ ಬಂದ ಮೇಲೆ.

"ನನಗ್ಯಾಕೆ ಹೇಳಲಿಲ್ಲ?"

"ಹೇಳಿದ್ರೆ ಬಿಡ್ತಿದ್ರಾ?" ಎಂದಳು ಲಲಿತ.

ಮರುದಿನ ಅವರ ಡೋಲು ಮನೆಮನೆಗೂ ಹೋಯಿತು. ಸೆಲ್ವಿಯೂ ಜೊತೆಗೆ ಕುಣಿಯುತ್ತಿದ್ದಳಂತೆ. ನಾನು ಜಗುಲಿಯಲ್ಲಿ ಕಾದು ಕೂತೆ. ಡೋಲು ನಮ್ಮ ಗೇಟು ದಾಟಿ ಮುಂದೆ ಹೋಯಿತು. ನಿಜವಾಗಿಯೂ ಸಂಕಟವಾಯಿತು.

ತಡೆಯಲಾರದೆ ಲೈನಿಗೆ ಹೋದೆ. ಬಾಗಿಲಲ್ಲಿ ಆರು ಗಂಟು ಸಾಲಾಗಿದ್ದವು.

"ನೀವು ಹೋಗು ಹೇಳಿದ್ರಿ ಸಾರ್. ಹಬ್ಬ ಮುಗಿತು, ಹೋಗ್ತೀವಿ," ಎಂದ ಭುವನ್. ಕೆಂಪು ಅಂಚಿನ ಟವೆಲ್ಲೊಂದನ್ನು ನನ್ನ ಹೆಗಲಿಗೆ ಹಾಕಿ ಕಾಲಿಗೆ ಬಗ್ಗಿದ. ಹೊಸ ವರ್ಷಕ್ಕೆ ಹಿರಿಯರ ಹತ್ತಿರ ತಪ್ಪಾಯಿತು ಅನ್ನುವುದು ಅವರ ಪದ್ಧತಿಯಂತೆ. ತಪ್ಪು ಮಾಡಿದವನು ನಾನು, ಬಗ್ಗಿದವನು ಅವನು.

"ನಂದೇ ತಪ್ಪು ಕಣಪ್ಪ," ಎಂದು ಹೇಳಿ, ಆರೂ ಗಂಟುಗಳನ್ನು ನಾನೇ ಎತ್ತಿ ಒಳಗಿಟ್ಟೆ. ಒಂದನ್ನೂ ಬಿಚ್ಚಿ ನೋಡಲಿಲ್ಲ ಎಂದರೆ ಲಲಿತ ಇವತ್ತಿಗೂ ನನ್ನನ್ನು ಅನುಮಾನದಿಂದ ನೋಡುತ್ತಾಳೆ.