ಮೂಕಿ ಚಿತ್ರಕ್ಕೆ ಮಾತಾಡುತ್ತಿದ್ದವರು

ಆಪರೇಟರ್ ಅವರ ಬಲಗೈಯ ಎರಡು ಬೆರಳ ತುದಿ ಸುಟ್ಟು ನುಣ್ಣಗಾಗಿತ್ತು. ತುಮಕೂರಿನ ಟಾಕೀಸೊಂದರಲ್ಲಿ ಮೂವತ್ತು ವರ್ಷ ಪ್ರೊಜೆಕ್ಟರಿನಲ್ಲಿ ಬೆಳಕಿಗಾಗಿ ಉರಿಯುವ ಕಾರ್ಬನ್ ಕಡ್ಡಿ ಬದಲಿಸಿದ್ದರ ಗುರುತು ಅದು. ಟಾಕೀಸು ಮುಚ್ಚಿದ ಮೇಲೆ, ನೂರು ವರ್ಷಕ್ಕೂ ಹಿಂದಿನ ಫ್ರೆಂಚ್ ಮೂಕಿ ಹಾಸ್ಯಚಿತ್ರಗಳನ್ನು ಲ್ಯಾಪ್‌ಟಾಪಿಗೆ ತುಂಬಿಕೊಂಡು, ಪುಟ್ಟ ಪ್ರೊಜೆಕ್ಟರೊಂದನ್ನು ಹೊತ್ತು ಶಾಲೆಯಿಂದ ಶಾಲೆಗೆ ಹೋಗುತ್ತಿದ್ದರು. ಸಿಂಹವೋ ಚಿರತೆಯೋ ಮನೆಗೆ ನುಗ್ಗುವುದು, ಕೋಟು ತೊಟ್ಟ ದೊಡ್ಡ ಮನುಷ್ಯರು ಬೀರು ಹತ್ತಿ ಕೂರುವುದು, ಇಷ್ಟೇ ಕಥೆ. ಗೋಡೆಗೆ ಬಿಳಿ ಪಂಚೆ ಕಟ್ಟಿ, ಪಕ್ಕದಲ್ಲಿ ನಿಂತು ಎಲ್ಲರ ಮಾತನ್ನೂ ತಾವೇ ಆಡುತ್ತಿದ್ದರು. ಪ್ಯಾರಿಸ್ಸಿನ ದೊರೆಸಾನಿ ಅವರ ಬಾಯಲ್ಲಿ ಗುಬ್ಬಿ ಕಡೆಯ ಗೌಡ್ತಿಯಾಗಿ, "ಅಯ್ಯೋ, ಚಿಲಕ ಹಾಕ್ರಲಾ!" ಎಂದು ಕೂಗುತ್ತಿದ್ದಳು. ಚಿರತೆಗೆ ಮಾತ್ರ ಮಾತಿಲ್ಲ. ಕೇಳಿದರೆ, "ಅದ್ರ ಮನ್ಸಲ್ಲಿ ಏನೈತೋ ನಂಗೇನ್ ಗೊತ್ತು ಮೇಡಂ?" ಎನ್ನುತ್ತಿದ್ದರು.

ಸಿ.ಎಸ್. ಪುರದ ಕಡೆಯ ನಮ್ಮ ಶಾಲೆಗೆ ಅವರನ್ನು ಕರೆಸಿದವಳು ನಾನೇ. ಮಕ್ಕಳು ಬಿದ್ದು ಬಿದ್ದು ನಗುತ್ತಿದ್ದಾಗ ಮೂರನೇ ತರಗತಿಯ ಹುಡುಗಿಯೊಬ್ಬಳು ಚೀರಿಕೊಂಡು ಹೊರಗೋಡಿದಳು. ಹಿಂದಿನ ತಿಂಗಳಷ್ಟೇ ತೋಟದಲ್ಲಿ, ಅವಳ ಕಣ್ಣೆದುರೇ, ಅಪ್ಪನ ಮೇಲೆ ಚಿರತೆ ಎರಗಿತ್ತು; ಅವನು ಗಾಯಗೊಂಡು ಹೇಗೋ ಬದುಕಿದ್ದ. ಬೆಕ್ಕಿಗೆ ಚೆಲ್ಲಾಟ, ಇಲಿಗೆ ಪ್ರಾಣಸಂಕಟ ಎಂದು ಪಾಠ ಹೇಳುವ ನನಗೆ, ಆ ಸಂಗತಿ ಗೊತ್ತಿದ್ದೂ ಅವರನ್ನು ಕರೆಸುವಾಗ ಹೊಳೆಯಲಿಲ್ಲ. ಇಂದಿಗೂ ನನ್ನ ಮೇಲೆ ನನಗೇ ಸಿಟ್ಟು. ಮರುದಿನದಿಂದ ಅವಳು ಶಾಲೆಗೆ ಬರಲಿಲ್ಲ.

ವಿಷಯ ತಿಳಿದ ಆಪರೇಟರ್ ಶನಿವಾರ ಬಸ್ಸು ಹಿಡಿದು ಬಂದರು. ನನ್ನ ಜೊತೆ ಅವಳ ಮನೆಗೆ ಹೋಗಿ, ಜಗುಲಿಯಲ್ಲಿ ಕೂತು ಲ್ಯಾಪ್‌ಟಾಪ್ ತೆರೆದರು. "ಸಾಕು ಅನ್ಸಿದ್ರೆ ಕೈ ಎತ್ತವ್ವ, ನಿಲ್ಲಿಸ್ಬುಡ್ತೀನಿ." ಚಿರತೆ ಕಾಣಿಸುವ ಮೊದಲೇ ಕೈ ಎದ್ದಿತು. ತಕ್ಷಣ ಮುಚ್ಚಿದರು. ಮಜ್ಜಿಗೆ ಕುಡಿದು ಹೊರಟರು. ಹೀಗೇ ಐದು ಶನಿವಾರ.

"ಬುಡಿ ಸಾರ್, ಯಾಕ್ ಸುಮ್ನೆ ತೊಂದ್ರೆ ತಗೋತೀರಾ," ಎಂದ ಅವಳಪ್ಪ.

"ಮಗು ಎದೆ ನಡುಗ್ಸಿದ್ದು ನಾನು ಕಣಪ್ಪ. ಅದು ನಿಲ್ಲೋಗಂಟ ಬರ್ತೀನಿ."

ಆರನೆಯ ಸಲ ಕೈ ಏಳಲಿಲ್ಲ. ಪರದೆಯ ಮೇಲೆ ಜನ ದೊಣ್ಣೆ ಹಿಡಿದು ಬಂದರು, ಚಿರತೆ ಸೋಫಾದ ಹಿಂದೆ ಮುದುರಿತು. ಹುಡುಗಿ ಮೆಲ್ಲಗೆ, "ಅದುಕ್ಕೂ ಹೆದ್ರಿಕೆ ಆಗೈತೆ, ತಾತ," ಎಂದಳು. ಆಪರೇಟರ್ ಕಣ್ಣೊರೆಸಿಕೊಂಡರು.

ಸೋಮವಾರ ಅವಳು ತರಗತಿಯಲ್ಲಿ ಕೂತಿದ್ದಳು. ಆಪರೇಟರಿಗೆ ತಿಳಿಸೋಣವೆಂದುಕೊಂಡೆ. ಶನಿವಾರ ಬಂದಾಗ ಅವರೇ ಕಣ್ಣಾರೆ ನೋಡಲಿ ಎಂದು ಸುಮ್ಮನಾದೆ. ಶುಕ್ರವಾರ ಬೆಳಿಗ್ಗೆ ಅವರು ಆಸ್ಪತ್ರೆಯಲ್ಲಿ ತೀರಿಕೊಂಡರು; ಕಾಯಿಲೆ ಬಿದ್ದದ್ದೇ ನನಗೆ ಗೊತ್ತಿರಲಿಲ್ಲ.

ಅಂದೇ ತುಮಕೂರಿಗೆ ಹೋದೆ. ಅವರ ಹೆಂಡತಿ ನನ್ನ ಕೈ ಹಿಡಿದು ಕೇಳಿದರು: "ನೆನ್ನೆ ಪೂರ್ತಿ ಒಂದೇ ಮಾತಮ್ಮ ಅವ್ರದು. ಆ ಮಗು ಸ್ಕೂಲಿಗೆ ಬಂತಾ?"

"ಬಂದ್ಲು ಅಮ್ಮ. ಸೋಮವಾರಾನೇ ಬಂದ್ಲು," ಎಂದೆ.

ಆ ನಾಲ್ಕೂ ದಿನ ಫೋನು ನನ್ನ ಕೈಯಲ್ಲೇ ಇತ್ತು.