ಪಡವಲ ಮುಟ್ಟದ ಸಿಕ್ಕಮ್ಮ

ಪಡವಲಕಾಯಿ ಕಂಡರೆ ನಮ್ಮ ಸಿಕ್ಕಮ್ಮ ಹಾವು ಕಂಡವಳಂತೆ ಎರಡು ಮಾರು ಹಿಂದಕ್ಕೆ ಸರಿಯುತ್ತಿದ್ದಳು. ಅಜ್ಜಿ ಹಿತ್ತಲ ಚಪ್ಪರದಿಂದ ಕಾಯಿ ಕೊಯ್ದು ಸಾರು ಮಾಡಿದ ದಿನ ಅವಳ ಮುದ್ದೆಗೆ ಉಪ್ಪು, ಈರುಳ್ಳಿಯೇ ಗತಿ.

“ಏನೇ ನಿನ್ನ ಬಿಂಕ?” ಎಂದು ಅಜ್ಜಿ ಗದರಿದರೆ, “ನಮ್ಮನೆಗೆ ಆಗಲ್ಲ ಕಣವ್ವ” ಅನ್ನುತ್ತಿದ್ದಳು.

“ಯಾವುದೇ ನಿಮ್ಮನೆ?”

ಸಿಕ್ಕಮ್ಮ ಈರುಳ್ಳಿ ಕಚ್ಚಿಕೊಂಡು ಮುದ್ದೆ ಮುರಿಯುತ್ತಿದ್ದಳು.

ನಮ್ಮ ಕುಂದಾಣದ ಕಡೆ ಚಿಕ್ಕಮ್ಮನನ್ನು ಸಿಕ್ಕಮ್ಮ ಎನ್ನುವುದು ವಾಡಿಕೆ. ಇವಳು ಮಾತ್ರ ನಿಜವಾಗಿಯೂ ಸಿಕ್ಕಿದವಳು. ಪ್ಲೇಗಿಗೆ ಹೆದರಿ ಜನ ಊರಾಚೆ ಗುಡಿಸಲು ಹಾಕಿಕೊಂಡಿದ್ದಾಗ, ದಾರಿಯಲ್ಲಿ ಅಳುತ್ತಾ ನಿಂತಿದ್ದ ಮಗುವನ್ನು ಅಜ್ಜಿ ಎತ್ತಿಕೊಂಡು ಬಂದಿದ್ದಳು. ತನ್ನ ಹೆಸರನ್ನೂ ಹೇಳಲಾರದ ಆ ಮಗುವಿಗೆ ನೆನಪಿದ್ದದ್ದು ಇಷ್ಟೇ: ಪಡವಲಕಾಯಿ ಹಿಡಿದ ಕೈಗೆ ಅವ್ವ ಮೆಲ್ಲಗೆ ಹೊಡೆದು, “ಇದು ನಮ್ಮನೆಗೆ ಆಗಲ್ಲ” ಅಂದದ್ದು. ಅವ್ವನ ಮುಖ ಮರೆತಿತ್ತು. ಬಳೆಯ ಸದ್ದು ಉಳಿದಿತ್ತು.

ಅವಳು ಮದುವೆ ವಯಸ್ಸಿಗೆ ಬಂದಾಗ ಹೆಣ್ಣು ನೋಡಲು ಬಂದವರು ಒಪ್ಪಿ, ಎಲೆ ಅಡಿಕೆ ಹಾಕಿಕೊಳ್ಳುತ್ತಾ, “ಹುಡುಗಿ ಕಡೆ ಮನೆದೇವ್ರು ಯಾವುದಮ್ಮ?” ಎಂದರು. ನಮ್ಮ ದೇವರ ಹೆಸರು ಹೇಳಲು ಅಜ್ಜಿ ಬಾಯಿ ತೆರೆದಿದ್ದಳು. ಒಳಗಿನಿಂದ ಸಿಕ್ಕಮ್ಮನೇ “ಗೊತ್ತಿಲ್ಲ” ಅಂದುಬಿಟ್ಟಳು. ಬಂದವರು ಎದ್ದರು.

ಆಮೇಲೊಂದು ದಿನ ಬಳೆಗಾರನೊಬ್ಬ, ಸಮೇತನಹಳ್ಳಿಯಲ್ಲಿ ಮನೆದೇವರಿಗೆ ಪಡವಲ ಆಗದ ಮನೆಯೊಂದಿದೆ ಎಂದ. ಯುದ್ಧದ ಕಾಲದ ಇದ್ದಿಲಿನ ಬಸ್ಸು. ಹೊಗೆಗೆ ಕೆಮ್ಮುತ್ತಾ ಅಜ್ಜಿ, ಸಿಕ್ಕಮ್ಮ, ನಾನು ಹೋದೆವು. ಆ ಮನೆಯ ಮುದುಕಿ ಸಿಕ್ಕಮ್ಮನ ಗಲ್ಲ ಹಿಡಿದು, ಬೆಳಕಿಗೆ ತಿರುಗಿಸಿ, ತುಂಬಾ ಹೊತ್ತು ನೋಡಿದಳು.

“ನಮ್ಮನೇಲಿ ಯಾವ ಮಗೂನೂ ಕಳೆದಿಲ್ಲ ಕಣ್ ತಾಯಿ. ಕಳೆದಿದ್ರೆ ನಿನ್ನ ಬಿಡ್ತಿದ್ನಾ?”

ವಾಪಸು ಮನೆ ತಲುಪಿದವಳೇ ಅಜ್ಜಿ ಹಿತ್ತಲಿಗೆ ನುಗ್ಗಿ, ಕಾಯಿ ಜೋತಾಡುತ್ತಿದ್ದ ಪಡವಲದ ಬಳ್ಳಿಯನ್ನು ಬೇರುಸಮೇತ ಕಿತ್ತು ತಿಪ್ಪೆಗೆ ಎಸೆದಳು.

“ಇವತ್ತಿಂದ ಈ ಮನೆಗೂ ಆಗಲ್ಲ. ಈಗ ಬಂದು ಉಣ್ಣೇ.”

ಸಿಕ್ಕಮ್ಮ ಗೋಡೆಗೆ ಮುಖ ಮಾಡಿಕೊಂಡು ಅತ್ತಳು.

ಮರುವರ್ಷದ ಮಾಗಿಯಲ್ಲಿ ಚಳಿಜ್ವರಕ್ಕೆ ಹೋಗಿಬಿಟ್ಟಳು. ಕೊನೆಗೆ, ನೀರು ಕುಡಿಸುತ್ತಿದ್ದ ಅಜ್ಜಿಯ ಕೈ ಹಿಡಿದು, ಬಳೆ ಅಲುಗಿಸಿ, “ಇದೇ ಸದ್ದು ಕಣವ್ವ” ಅಂದಳಂತೆ.

ಮೊನ್ನೆ ನನ್ನ ಹೊಸ ಸೊಸೆ ಸಂತೆಯಿಂದ ಪಡವಲಕಾಯಿ ತಂದಿದ್ದಳು.

“ಬೇಡಮ್ಮ, ನಮ್ಮನೆಗೆ ಆಗಲ್ಲ” ಎಂದೆ.

“ಯಾಕ್ ಮಾವ, ಮನೆದೇವ್ರಿಗೆ ಆಗಲ್ವಾ?”

“ನಮ್ ಸಿಕ್ಕಮ್ಮಂಗೆ ಆಗ್ತಿರಲಿಲ್ಲ.”

“ಅವ್ರು ಯಾವ ಮನೆಯೋರು?”

“ಈ ಮನೆಯೋಳೇ ಕಣಮ್ಮ.”