ನರ್ಮದೆಯ ಮರಳಿಗೆ ಹೊರಟ ಫಿಯೆಟ್

ವಡೋದರಾದ ಆಲ್ಕಾಪುರಿಯಲ್ಲಿ ದೊಡ್ಡ ರಸ್ತೆ ಬಿಟ್ಟು ಹಿಂದಿನ ಗಲ್ಲಿಗೆ ತಿರುಗಿದರೆ ಬಾಲಚಂದ್ರರ ಹೋಟೆಲು. ಅದರ ಮೇಲಿನ ಮಹಡಿಯಲ್ಲಿ ನಮ್ಮ ಮನೆ. ನಮ್ಮವರು ರೈಲ್ವೆಯಲ್ಲಿದ್ದಾಗ ಬಾಡಿಗೆಗೆ ಹಿಡಿದದ್ದು, ಅವರು ಹೋದ ಮೇಲೂ ನಾನು ಬಿಟ್ಟಿಲ್ಲ. ಸೊಪ್ಪು ಸೋಸುತ್ತಾ ಬಾಲ್ಕನಿಯಲ್ಲಿ ಕೂತರೆ ಕೆಳಗಿನ ಮಾತೆಲ್ಲ ತಾನಾಗಿ ಮೇಲೆ ಬರುತ್ತದೆ. ಬಾಲಚಂದ್ರರ ವಿಷಯ ನನಗೆ ತಿಳಿದದ್ದು ಬಹಳ ಮಟ್ಟಿಗೆ ಹೀಗೇ.

ಅವರು ಕುಂದಾಪುರದ ಕಡೆಯವರು. ಮೀಸೆ ಮೂಡುವ ವಯಸ್ಸಿಗೆ ಸೂರತ್‌ನಲ್ಲಿದ್ದ ಸೋದರಮಾವನ ಹೋಟೆಲಿಗೆ ಬಂದು ಸಾಂಬಾರಿನ ಮುಂದೆ ನಿಂತರು. ಆಮೇಲೆ ಅಹಮದಾಬಾದಿಗೆ ಹೋಗಿ ವಸ್ತ್ರಾಪುರದಲ್ಲಿ ಒಂದು ಕ್ಯಾಂಟೀನು ನಡೆಸಿದರು. ಆಗ ಅಲ್ಲಿ ಕೆರೆಯೇ ದೊಡ್ಡದು, ಮಾಲ್‌ಗಳು ಇರಲಿಲ್ಲವಂತೆ. ಹೇಮಲತಾ ಮದುವೆಯಾಗಿ ಬಂದದ್ದು ಅಲ್ಲಿಗೆ. ಗಂಡ ಹೆಂಡತಿ ಸೇರಿ ವಡೋದರಾದಲ್ಲಿ ಸ್ವಂತ ಹೋಟೆಲು ಇಟ್ಟ ಮೇಲೆ ಬೇರೆಲ್ಲಿಗೂ ಹೋಗಲಿಲ್ಲ. ಬಾಲಚಂದ್ರರದು ದಪ್ಪ ಶರೀರ, ಮೆತ್ತಗಿನ ದನಿ. ಗಿರಾಕಿ ಸಾಂಬಾರು ಸಿಹಿಯಿಲ್ಲ ಎಂದರೆ ಒಳಗಿನಿಂದ ಬೆಲ್ಲದ ಚೂರು ತಂದು ಪಕ್ಕದಲ್ಲಿಡುವ ಮನುಷ್ಯ. ಮಾತಿನ ಮೊನೆ ಇರುವುದು ಹೇಮಲತಾಗೆ.

ಅವರ ಫಿಯೆಟ್ ಕಾರು ಕಾಯಂ ಗಿರಾಕಿಯೊಬ್ಬರಿಂದ ಬಂದದ್ದು. ಮಗಳು ಕಾವ್ಯಾ ಹುಟ್ಟಿದ ವರ್ಷ. ಮಾಸಿದ ಬಿಳಿ ಬಣ್ಣ, ದುಂಡು ಮೂತಿ, ನೆಲಕ್ಕೆ ಅಂಟಿಕೊಂಡ ಹಾಗೆ ತಗ್ಗು. ತೆಂಗಿನಕಾಯಿ, ಬಾಳೆಲೆ, ಅಕ್ಕಿ ಎಲ್ಲ ಅದರಲ್ಲೇ ಬರುತ್ತಿತ್ತು. ಮುಂದಿನ ಎಡಗಡೆ ಸೀಟು ಹೇಮಲತಾದು. ಬೇರೆ ಯಾರಾದರೂ ಅಲ್ಲಿ ಕೂತರೆ ಬಾಲಚಂದ್ರರಿಗೆ ಗಾಡಿ ಓಡಿಸುವುದಕ್ಕೇ ಬರುವುದಿಲ್ಲ ಎಂದು ಕಾವ್ಯಾ ನಗುತ್ತಿದ್ದಳು.

ಇಲ್ಲಿ ಚೈತ್ರ ಮಾಸದಲ್ಲಿ, ನರ್ಮದೆ ಉತ್ತರಕ್ಕೆ ತಿರುಗಿ ಹರಿಯುವ ಕಡೆ, ಜನ ಹೊಳೆಗೆ ಪ್ರದಕ್ಷಿಣೆಯಾಗಿ ನಡೆಯುತ್ತಾರೆ. ಬಿಸಿಲೇರುವ ಮೊದಲೇ ಹೊರಟು, ‘ನರ್ಮದೇ ಹರ್’ ಅನ್ನುತ್ತಾ ದಂಡೆ ಹಿಡಿದು ಹೋಗುತ್ತಾರೆ. ದಾರಿಯುದ್ದಕ್ಕೂ ಯಾರ್ಯಾರೋ ಚಪ್ಪರ ಹಾಕಿ ಮಜ್ಜಿಗೆ, ಕಲ್ಲಂಗಡಿ, ಖಿಚಡಿ ಕೊಡುತ್ತಾರೆ. ಮೊದಲ ಸಲ ಹೋದಾಗ ಹೇಮಲತಾಗೆ ಅಂಥ ಒಂದು ಚಪ್ಪರದಲ್ಲಿ ಯಾರೋ ಅಜ್ಜಿ ಕಾಲಿಗೆ ನೀರು ಹೊಯ್ದು ಮಜ್ಜಿಗೆ ಕೊಟ್ಟಳಂತೆ. ಮರುವರ್ಷದಿಂದ ಇವರ ಇಡ್ಲಿ ಶುರು. ನೀರಿನ ಹತ್ತಿರ ಒಂದು ಹುಣಸೆ ಮರ, ಅದರ ಬುಡದಲ್ಲಿ ಒಲೆ. ಚಟ್ನಿ ಬಡಿಸುವವಳು ಹೇಮಲತಾ. ಖಾರ ತಿನ್ನದ ಗುಜರಾತಿ ಜನಕ್ಕೆಂದೇ ಮೆಣಸು ಕಡಿಮೆ ಹಾಕಿ ರುಬ್ಬುತ್ತಿದ್ದಳು. ಮೆಣಸು ಮುರಿಯುವುದಕ್ಕೆ ನಾನೂ ಹೋಗುತ್ತಿದ್ದೆ. ಟೆಂಪೋ ರಸ್ತೆಯ ತನಕ ಮಾತ್ರ ಹೋಗುತ್ತದೆ. ಆಮೇಲೆ ಒಂದು ಕಲ್ಲಿನ ಹಳ್ಳ, ಅದರಾಚೆ ಉದ್ದಕ್ಕೂ ಮರಳು. ಪಾತ್ರೆಯೆಲ್ಲ ತಲೆಯ ಮೇಲೆ.

ಹೋದ ಮಳೆಗಾಲದಲ್ಲಿ ಹೇಮಲತಾ ಅಡುಗೆಮನೆಯಲ್ಲಿ ಜಾರಿ ಬಿದ್ದಳು. ತೊಡೆಯ ಸಂದಿನ ಮೂಳೆ ಮುರಿಯಿತು. ಅಹಮದಾಬಾದಿನಲ್ಲಿ ಆಪರೇಷನ್ ಮಾಡಿ ಲೋಹದ ಕೀಲು ಕೂರಿಸಿದರು. ಮನೆಗೆ ಕಳಿಸುವಾಗ ಡಾಕ್ಟರು ಎರಡು ಮಾತು ಹೇಳಿದರು: ತಗ್ಗಿನ ಜಾಗದಲ್ಲಿ ಕೂರಬಾರದು, ಕಾಲು ಬಹಳ ಎತ್ತರಕ್ಕೆ ಎತ್ತಬಾರದು. ಕೋಲು ಹಿಡಿದು ಸಮ ನೆಲದಲ್ಲಿ ನಡೆಯಬಹುದು. ಮರಳಿನಲ್ಲಿ ಆಗದು.

ಸಂಕ್ರಾಂತಿಯ ಗಾಳಿಪಟ ಮುಗಿದ ಮೇಲೆ ಮಾತು ಚೈತ್ರಕ್ಕೆ ಬಂತು. ಕಾವ್ಯಾ ಸೂರತ್‌ನಲ್ಲಿ ಕೆಲಸದಲ್ಲಿದ್ದಾಳೆ, ಭಾನುವಾರ ಬಂದಿದ್ದಳು. ಇಲ್ಲೇ ಬೆಳೆದವಳು, ಅವಳ ಕನ್ನಡದಲ್ಲಿ ಗುಜರಾತಿಯೇ ಮುಂದೆ.

“ಮಮ್ಮಿ, ಈ ವರ್ಷ ನೀನು ರೋಡ್ ಮೇಲೆ ಕೂತ್ಕೋ ನೆ. ನಾವು ಕೆಳಗೆ ಹೋಗಿ ಸರ್ವ್ ಮಾಡಿ ಬರ್ತೀವಿ.”

“ರಸ್ತೆಯಲ್ಲಿ ಕೂತು ಬಂದುಹೋಗುವವರನ್ನು ನೋಡ್ಲಿಕ್ಕೆ ನಾನೆಂತ ಟೋಲ್ ಗೇಟಿನವಳಾ?”

“ಹಾಗಾದ್ರೆ ಚೇರ್‌ನಲ್ಲಿ ಕೂರಿಸಿ ನಾಲ್ಕು ಜನ ಎತ್ಕೊಂಡು ಹೋಗ್ತಾರೆ. ಅಲ್ಲಿ ಎಷ್ಟು ಜನ ಇರ್ತಾರೆ.”

ಹೇಮಲತಾ ಕೋಲನ್ನು ಗೋಡೆಗೆ ಒರಗಿಸಿದಳು. “ಅವರು ಹರಕೆ ಹೊತ್ತು ನಡೀಲಿಕ್ಕೆ ಬಂದವರು. ಅವರ ಹೆಗಲ ಮೇಲೆ ನಾನು ಕೂತು ಹೋಗುದಾ? ಅವರಿಗೆ ಬಡಿಸ್ಲಿಕ್ಕೆ ಹೋಗುವವಳು ನಾನು. ಯಾರಿಗೂ ಹೊರೆಯಾಗದೆ ಮರದ ಬುಡಕ್ಕೆ ಮುಟ್ಟುವುದಾದ್ರೆ ಬರ್ತೇನೆ. ಇಲ್ಲದಿದ್ರೆ ಇಲ್ಲ. ನೀವು ಹೋಗಿ ಬನ್ನಿ, ನನಗೆ ಬೇಜಾರಿಲ್ಲ.”

ಬೇಜಾರಿಲ್ಲ ಎಂದವಳು ಆ ವಾರವೆಲ್ಲ ಚಟ್ನಿಗೆ ಉಪ್ಪು ಹೆಚ್ಚು ಹಾಕಿದಳು. ಗಿರಾಕಿಗಳು ಸುಮ್ಮನೆ ತಿಂದರು.

ಜೀಪು ತರಬಹುದಿತ್ತು. ಆದರೆ ಹೇಮಲತಾಗೆ ಜೀಪು ಹತ್ತಲಾಗದು. ಬಾಲಚಂದ್ರರು ಗಲ್ಲಾದಲ್ಲಿ ಕೂತು ಎದುರಿಗೆ ನಿಂತ ಫಿಯೆಟ್ ನೋಡುತ್ತಿದ್ದರು. ಒಂದು ಬೆಳಿಗ್ಗೆ ಎದ್ದು ಗಲ್ಲಿಯ ತುದಿಯ ಗ್ಯಾರೇಜಿಗೆ ಹೋದರು. ಅಲ್ಲಿಯ ಕನುಭಾಯಿ ಆ ಗಾಡಿಯನ್ನು ಎಷ್ಟೋ ವರ್ಷದಿಂದ ನೋಡಿಕೊಂಡವನು. ಹಿಂದಿ ಗುಜರಾತಿ ಕಲಸಿ ಮಾತಾಡುತ್ತಾನೆ, ನಾನು ಕನ್ನಡದಲ್ಲಿ ಹೇಳುತ್ತೇನೆ.

“ಕನುಭಾಯಿ, ಇದು ಮರಳಿನಲ್ಲಿ ಹೋಗ್ಬೇಕು. ಕಲ್ಲಿನ ಹಳ್ಳ ಇಳಿದು ಹತ್ಬೇಕು.”

“ಶೇಠ್, ಇದು ಮದುವೆ ಮನೆಗೆ ಹೋಗುವ ಗಾಡಿ. ಹಳ್ಳಕ್ಕೆ ಇಳಿದರೆ ಹೊಟ್ಟೆ ಸವೆದು ಕರುಳು ಹೊರಗೆ ಬರುತ್ತದೆ.”

“ಹೊಟ್ಟೆ ಮೇಲೆತ್ತು.”

ಕನುಭಾಯಿ ನಕ್ಕ. ಆಮೇಲೆ ಬಾನೆಟ್ ತೆಗೆದ. ಅವನಿಗೂ ಅಂಥ ಕೆಲಸ ಬಂದು ಬಹಳ ದಿನವಾಗಿತ್ತು. ಈಗಿನ ಗಾಡಿಗಳಿಗೆ ಕಂಪ್ಯೂಟರ್ ಹಚ್ಚಿ ನೋಡುವುದೇ ಕೆಲಸ, ಕೈಗೆ ಎಣ್ಣೆಯೂ ಹತ್ತುವುದಿಲ್ಲ ಎಂದು ಗೊಣಗುತ್ತಿದ್ದವನು.

ಮುಂದಿನ ದಿನಗಳಲ್ಲಿ ಬಾಲಚಂದ್ರರು ಮಧ್ಯಾಹ್ನದ ಊಟದ ಗಿರಾಕಿ ಕರಗಿದ ಕೂಡಲೇ ಗ್ಯಾರೇಜಿನಲ್ಲಿ. ಹಿಂದಿನ ಚಕ್ರದ ಮೇಲೆ ಬಿಲ್ಲಿನ ಹಾಗೆ ಬಾಗಿದ ಉಕ್ಕಿನ ಪಟ್ಟಿಗಳು ಒಂದರ ಮೇಲೊಂದು ಇರುತ್ತವಲ್ಲ, ಅವಕ್ಕೆ ಇನ್ನಷ್ಟು ಪಟ್ಟಿ ಸೇರಿಸಿದರು. ಮುಂದಿನ ಸ್ಪ್ರಿಂಗಿನ ಕೆಳಗೆ ದಪ್ಪ ಬಿಲ್ಲೆ ಕೊಟ್ಟು ಎತ್ತರಿಸಿದರು. ಇಂಜಿನ್ನಿನ ಹೊಟ್ಟೆಗೆ ದಪ್ಪ ತಗಡು ಕಟ್ಟಿದರು. ಹೊಗೆ ಕೊಳವೆಯನ್ನು ಮೇಲಕ್ಕೆ ತಿರುಗಿಸಿದರು. ಅಹಮದಾಬಾದಿನ ಹಳೆ ಸಾಮಾನಿನ ಬಜಾರಿಗೆ ಇಬ್ಬರೂ ಹೋಗಿ ಹುಡುಕಿ ಜೀಪಿನ ಅಗಲ ಟೈರು ತಂದರು. ಅದು ಕೂರುವುದಕ್ಕೆ ಮಡ್‌ಗಾರ್ಡಿನ ಅಂಚು ಕತ್ತರಿಸಬೇಕಾಯಿತು. ಕತ್ತರಿಸುವಾಗ ಬಾಲಚಂದ್ರರು ಹೊರಗೆ ಬಂದು ನಿಂತರು, ಮಗುವಿಗೆ ಕಿವಿ ಚುಚ್ಚುವಾಗ ನಿಲ್ಲುವ ಹಾಗೆ.

ಹೇಮಲತಾಗೆ ತೋರಿಸಲಿಲ್ಲ. ಎಲ್ಲ ಮುಗಿದ ಮೇಲೆ ನೋಡಲಿ ಎಂದು ಆಸೆ. ಸಾಂಬಾರಿಗೆ ಉಪ್ಪು ಹಾಕುವುದು ಮರೆತರೂ, ಈ ಗುಟ್ಟು ಮಾತ್ರ ಬಿಟ್ಟುಕೊಡಲಿಲ್ಲ.

ಗಾಡಿ ಬಂದ ದಿನ ಕಾವ್ಯಾಳೂ ಇದ್ದಳು. ಬಾನೆಟ್ಟಿಗೆ ಚೆಂಡುಹೂವಿನ ಮಾಲೆ, ಚಕ್ರದ ಕೆಳಗೆ ನಿಂಬೆಹಣ್ಣು. ಹೋಟೆಲಿನ ಅಡುಗೆಯವರು, ಪಕ್ಕದ ಅಂಗಡಿಯವರು ಎಲ್ಲ ಸೇರಿದರು. ನಾನು ಆರತಿ ತಟ್ಟೆ ಹಿಡಿದು ಇಳಿದೆ. ನಮ್ಮ ಫಿಯೆಟ್ ಯಾರದೋ ಕಾಲು ಸಾಲ ತಂದು ನಿಂತ ಹಾಗಿತ್ತು.

“ಪಪ್ಪಾ, ಇದು ಗಾಡಿ ಅಲ್ಲ, ಊಂಟ್ ಆಗಿದೆ,” ಎಂದಳು ಕಾವ್ಯಾ. ಊಂಟ್ ಎಂದರೆ ಒಂಟೆ. ಆವತ್ತಿನಿಂದ ಗಲ್ಲಿಯಲ್ಲಿ ಅದಕ್ಕೆ ಅದೇ ಹೆಸರು.

ಬಾಲಚಂದ್ರರು ಎಡಗಡೆ ಬಾಗಿಲು ತೆಗೆದು ನಿಂತರು. ಹೇಮಲತಾ ಕೋಲೂರಿ ಬಂದಳು. ಒಳ್ಳೆಯ ಸೀರೆ ಉಟ್ಟಿದ್ದಳು. ಬಾಗಿಲ ಹತ್ತಿರ ನಿಂತು ಒಳಗಿನ ಸೀಟು ನೋಡಿದಳು, ಕಾಲಿಡುವ ಜಾಗ ನೋಡಿದಳು. ಅದು ಅವಳ ಮೊಣಕಾಲಿಗಿಂತ ಮೇಲಿತ್ತು. ಒಳ್ಳೆಯ ಕಾಲನ್ನು ಎತ್ತಿದರೆ ಕೀಲಿನ ಕಾಲು ಭಾರ ತಾಳುವುದಿಲ್ಲ, ಕೀಲಿನ ಕಾಲನ್ನು ಅಷ್ಟು ಎತ್ತುವ ಹಾಗೇ ಇಲ್ಲ.

ಡಾಕ್ಟರು ಹೇಳಿದ ಎರಡು ಮಾತಿನಲ್ಲಿ ಒಂದು ಬಾಲಚಂದ್ರರ ತಲೆಯಿಂದ ಜಾರಿಹೋಗಿತ್ತು. ಜೀಪು ಹತ್ತಲಾಗದು ಎಂದು ಫಿಯೆಟ್ ಹಿಡಿದವರು, ಫಿಯೆಟನ್ನೇ ಜೀಪಿನಷ್ಟು ಎತ್ತರ ಮಾಡಿ ನಿಲ್ಲಿಸಿದ್ದರು.

ಹೇಮಲತಾ ಕೋಲಿನಿಂದ ಟೈರಿಗೆ ಮೆಲ್ಲಗೆ ಬಡಿದಳು. “ಚೆಂದ ಆಯ್ತು ಮಾರಾಯ್ರೆ. ನನ್ನನ್ನು ಬಿಟ್ಟು ಹೋಗ್ಲಿಕ್ಕೆ ಅಂತಲೇ ಮಾಡಿಸಿದ ಹಾಗೆ ಉಂಟು.”

ಅವಳು ಒಳಗೆ ಹೋದಳು. ಬಾಲಚಂದ್ರರು ಆ ಮಧ್ಯಾಹ್ನ ಊಟಕ್ಕೆ ಕೂರಲಿಲ್ಲ. ಗಾಡಿಯ ನೆರಳಿನಲ್ಲಿ ನಿಂತು ಕನುಭಾಯಿಗೆ ಹೇಳುತ್ತಿದ್ದರು, “ಇಳಿಸಿಬಿಡು. ಎಲ್ಲ ಮೊದಲಿನ ಹಾಗೆ ಮಾಡು.”

“ಇಳಿಸಿದರೆ ಹಳ್ಳದಲ್ಲಿ ಹೊಟ್ಟೆ ತಾಗುತ್ತದೆ ಶೇಠ್. ಇಷ್ಟಿದ್ದರೇ ದಾಟುವುದು. ಬಾಗಿಲ ಕೆಳಗೆ ಕಬ್ಬಿಣದ ಮೆಟ್ಟಿಲು ಬೆಸುಗೆ ಹಾಕುತ್ತೇನೆ.”

“ಒಂದು ಮೆಟ್ಟಿಲು ಅವಳಿಗೆ ಸಾಲ್ದು. ಆಗಲೂ ಎರಡು ಸಲ ಕಾಲು ಎತ್ತರಕ್ಕೆ ಎತ್ತಬೇಕು.”

ಚಹಾದ ಹೊತ್ತಿಗೆ ಹೇಮಲತಾ ಹೊರಗೆ ಬಂದಳು. ಸಿಟ್ಟು ಇಳಿದಿತ್ತು. ಗಾಡಿಯ ಸುತ್ತ ಒಂದು ಸುತ್ತು ಬಂದು, ಸೀಟಿನ ಮೇಲೆ ಅಂಗೈ ಇಟ್ಟು ಒತ್ತಿ ನೋಡಿದಳು.

“ಕೂರ್ಲಿಕ್ಕೆ ಸೀಟು ನನ್ನ ಮಂಚದ ಹಾಗೇ ಉಂಟಲ್ಲ,” ಎಂದಳು. “ಇಲ್ಲಿ ನಿಂತ್ರೆ ಮಾತ್ರ ಎಟುಕುವುದಿಲ್ಲ. ಗ್ರೈಂಡರಿನ ಹತ್ತಿರದ ಹಲಗೆ ತನ್ನಿ.”

ಅವರ ಅಡುಗೆಮನೆಯಲ್ಲಿ ದೊಡ್ಡ ಗ್ರೈಂಡರಿನಿಂದ ಹಿಟ್ಟು ತೆಗೆಯುವವರು ನಿಲ್ಲುವುದಕ್ಕೆ ಅಗಲವಾದ ಮರದ ಹಲಗೆ ಇತ್ತು, ಗೇಣಿಗೂ ಕಡಿಮೆ ಎತ್ತರ. ಹೇಮಲತಾ ಹೋಟೆಲು ಇಟ್ಟಾಗಿನಿಂದ ಬೆಳಗಾದರೆ ಅದರ ಮೇಲೆ ನಿಂತವಳು. ಹಲಗೆ ಬಂತು. ಅವಳು ಗಾಡಿಗೆ ಬೆನ್ನು ಮಾಡಿ, ಒಂದು ಕೈಯಲ್ಲಿ ಕೋಲು, ಇನ್ನೊಂದರಲ್ಲಿ ಬಾಗಿಲು ಹಿಡಿದು, ಹಿಂದಕ್ಕೆ ಹೆಜ್ಜೆಯಿಟ್ಟು ಹಲಗೆ ಹತ್ತಿದಳು. ಆಪರೇಷನ್ ಆದ ಮೇಲೆ ಮಂಚದಲ್ಲಿ ಕೂರುವುದಕ್ಕೆ ಕಲಿಸಿದ ಕ್ರಮವೇ ಅದು, ಮೊದಲು ಕೂರುವುದು, ಆಮೇಲೆ ಕಾಲು ತಿರುಗಿಸುವುದು. ಸೀಟು ಇನ್ನೂ ಸ್ವಲ್ಪ ಮೇಲಿತ್ತು.

“ಇಂಥದ್ದೇ ಇನ್ನೊಂದು ಬೇಕು. ಇದರ ಮೇಲಿಡ್ಲಿಕ್ಕೆ, ಸ್ವಲ್ಪ ಸಣ್ಣದು. ದೇವಸ್ಥಾನದ ಮೆಟ್ಲಿನ ಹಾಗೆ.”

ಬಾಲಚಂದ್ರರು ಬಡಗಿಯನ್ನು ಕರೆಯಲು ಹೊರಟೇಬಿಟ್ಟರು. “ಚಪ್ಪಲಿ,” ಎಂದಳು ಹೇಮಲತಾ. ಅವರು ಬರಿಗಾಲಲ್ಲಿದ್ದರು.

ಎರಡನೇ ಹಲಗೆ ಬಂದ ಮೇಲೆ ದಿನಾ ಸಂಜೆ ಗಲ್ಲಿಯಲ್ಲಿ ಅಭ್ಯಾಸ. ಹತ್ತುವುದು, ಕೂರುವುದು, ತಿರುಗುವುದು, ಇಳಿಯುವುದು. ಚಹಾ ಕುಡಿಯುವವರು ಲೋಟ ಹಿಡಿದು ನೋಡುತ್ತಿದ್ದರು. ಎದುರು ಮನೆಯ ಗುಜರಾತಿ ಅಜ್ಜಿ ಕಿಟಕಿಯಿಂದ, “ಹೇಮಾಬೆನ್, ಧೀರೇ ಧೀರೇ,” ಎನ್ನುತ್ತಿದ್ದಳು. ಬಾಲಚಂದ್ರರು ಮುಟ್ಟದೆ ಎರಡೂ ಕೈ ಚಾಚಿ ನಿಲ್ಲುತ್ತಿದ್ದರು.

“ನಾನೆಂತ ಹಾಲಿನ ಪಾತ್ರೆಯಾ, ಉಕ್ಕುತ್ತದಾ ಅಂತ ನೋಡ್ತಾ ನಿಲ್ಲುದು? ಅತ್ತ ಹೋಗಿ.”

ಅವರು ಒಂದು ಹೆಜ್ಜೆ ಅತ್ತ ಹೋಗಿ ಮತ್ತೆ ಹಾಗೇ ನಿಲ್ಲುತ್ತಿದ್ದರು.

ಚೈತ್ರ ಬಂತು. ಹಿಂದಿನ ದಿನವೇ ಹೊರಟು ಹೊಳೆಯ ಹತ್ತಿರದ ಧರ್ಮಶಾಲೆಯಲ್ಲಿ ಉಳಿದೆವು. ಆ ಸೆಕೆಗೆ ಹಿಟ್ಟು ದಾರಿಯಲ್ಲೇ ಉಬ್ಬುತ್ತದೆ, ಅದಕ್ಕೇ ಪಾತ್ರೆಗೆ ಅರ್ಧ ಮಾತ್ರ ತುಂಬುವುದು. ನಸುಕಿನಲ್ಲಿ ಕಾವ್ಯಾ ಅಡುಗೆಯವರ ಜೊತೆ ಟೆಂಪೋದಲ್ಲಿ ಮುಂದೆ ಹೋಗಿ, ಒಂದು ಪಾತ್ರೆ ಹಿಟ್ಟು ಹೊರಿಸಿಕೊಂಡು, ಒಲೆ ಹೊತ್ತಿಸಲು ಮರದ ಕಡೆ ನಡೆದಳು. ಫಿಯೆಟ್ಟಿನ ಡಿಕ್ಕಿಯಲ್ಲಿ ಉಳಿದ ಹಿಟ್ಟಿನ ಪಾತ್ರೆ, ಹಿಂದಿನ ಸೀಟಿನಲ್ಲಿ ಚಟ್ನಿಯ ಕೊಳಗದೊಡನೆ ನಾನು, ಪಕ್ಕದಲ್ಲಿ ಬಾಲಚಂದ್ರರು. ಮುಂದೆ ಹೇಮಲತಾ, ಕಾಲ ಬುಡದಲ್ಲಿ ಎರಡು ಹಲಗೆ. ರಸ್ತೆ ಮುಗಿದಲ್ಲಿ ಬಾಲಚಂದ್ರರು ಹಿಂದಕ್ಕೆ ಬಂದಿದ್ದರು, ನಮ್ಮ ಜೊತೆ ಹೊರಟಿದ್ದ ಕನುಭಾಯಿ ಸ್ಟೀರಿಂಗ್ ಹಿಡಿದ.

ಗಾಡಿ ಕಲ್ಲಿನ ಹಳ್ಳಕ್ಕೆ ಇಳಿಯಿತು. ಕೆಳಗೆ ತಗಡಿಗೆ ಕಲ್ಲು ಒಂದು ಸಲ ಕರ್ರ್ ಎಂದು ಉಜ್ಜಿತು. ಬಾಲಚಂದ್ರರು ಕಣ್ಣು ಮುಚ್ಚಿದರು. ಗಾಡಿ ಅತ್ತ ಇತ್ತ ವಾಲಿ, ಮೂತಿ ಎತ್ತಿ, ಆಚೆ ದಡ ಹತ್ತಿತು. ಮುಂದೆ ಮರಳು. ಸ್ವಲ್ಪ ದೂರ ಹೋಗುತ್ತಲೇ ಹಿಂದಿನ ಚಕ್ರ ಸುಮ್ಮನೆ ತಿರುಗಿ ಹೂತುಕೊಂಡಿತು. ಹುಣಸೆ ಮರ ಕಾಣುತ್ತಿತ್ತು. ಒಲೆಯ ಹೊಗೆಯೂ ಕಾಣುತ್ತಿತ್ತು.

ನಡೆದು ಹೋಗುತ್ತಿದ್ದವರು ‘ನರ್ಮದೇ ಹರ್’ ಎಂದು ಗಾಡಿಯ ಕಡೆ ತಿರುಗಿದರು. ಇಬ್ಬರು ಆಗಲೇ ಹಿಂದಿನಿಂದ ಕೈಯಿಟ್ಟಿದ್ದರು.

“ಬೇಡ,” ಎಂದಳು ಹೇಮಲತಾ. ಗುಜರಾತಿಯಲ್ಲಿ ಅವರಿಗೆ, “ನೀವು ನಡೀರಿ ಭಾಯಿ. ಬಿಸಿಲಾಗ್ತದೆ,” ಎಂದಳು. ಆಮೇಲೆ ಕನುಭಾಯಿಗೆ ಹೇಳಿದಳು, “ನಿಮ್ಮ ಗಾಡಿ, ನೀವೇ ನೋಡಿ. ಆಗ್ಲಿಲ್ಲವಾ, ಇಲ್ಲಿಂದ ತಿರುಗಿಸಿ. ದೂಡಿಸಿಕೊಂಡು ನಾನು ಹೋಗುವುದಿಲ್ಲ.”

ಅವಳ ದನಿ ಸ್ಥಿರವಾಗಿತ್ತು. ಸೆರಗಿನ ತುದಿಯನ್ನು ಮಾತ್ರ ಬೆರಳಿಗೆ ಸುತ್ತಿ ಸುತ್ತಿ ಬಿಚ್ಚುತ್ತಿದ್ದಳು. ಬಾಲಚಂದ್ರರು ಅದನ್ನೇ ನೋಡುತ್ತಿದ್ದರು.

ಕನುಭಾಯಿ ಇಳಿದು ಟೈರುಗಳ ಗಾಳಿ ಬಿಟ್ಟ. ನಾಲ್ಕೂ ಚಕ್ರ ಚಪ್ಪಟೆಯಾಗಿ, ಒಂಟೆಯ ಪಾದದ ಹಾಗೆ ಮರಳ ಮೇಲೆ ಹರಡಿಕೊಂಡವು. ಕೈಯಿಂದ ಮರಳು ತೋಡಿ ದಾರಿ ಮಾಡಿದ. ಆಮೇಲೆ ಬಾಲಚಂದ್ರರ ಹೊಟ್ಟೆ ನೋಡಿದ.

“ಶೇಠ್, ನೀವು ಇಳಿಯಬೇಕು.”

“ನಾನೂ ಇಳಿಯುತ್ತೇನೆ,” ಎಂದೆ.

“ನೀವು ಕೂತಿರಿ ಅಮ್ಮಾ. ನಿಮ್ಮದೊಂದು ಕೊತ್ತಂಬರಿ ಕಟ್ಟಿನಷ್ಟು ಭಾರ. ಹಿಂದೆ ಅಷ್ಟಾದರೂ ಒತ್ತುವುದಕ್ಕೆ ಬೇಕು.”

ಬಾಲಚಂದ್ರರು ಚಟ್ನಿಯ ಕೊಳಗವನ್ನೂ ಎತ್ತಿಕೊಂಡು ಇಳಿದರು. ಕನುಭಾಯಿ ಆತುರ ಮಾಡಲಿಲ್ಲ. ಗಾಡಿ ಒಂದು ಗೇಣು ಹಿಂದೆ ಬಂತು, ಆಮೇಲೆ ಮುಂದೆ, ಆಮೇಲೆ ನಿಲ್ಲಲೇ ಇಲ್ಲ. ನಾನು ತಿರುಗಿ ನೋಡಿದೆ. ಕೊಳಗ ಹೆಗಲಿಗಿಟ್ಟು, ಪಂಚೆ ಮೊಣಕಾಲಿಗೆ ಕಟ್ಟಿ, ಬಾಲಚಂದ್ರರು ಚಕ್ರದ ಗುರುತಿನಲ್ಲೇ ಹೆಜ್ಜೆಯಿಟ್ಟು ಬರುತ್ತಿದ್ದರು. ಬೆವರು ಸುರಿಯುತ್ತಿತ್ತು. ನಗುತ್ತಿದ್ದರೋ ಏದುಸಿರೋ ತಿಳಿಯಲಿಲ್ಲ.

ಗಾಡಿ ಮರದ ಬುಡದಲ್ಲಿ ನಿಂತಿತು. ಅಲ್ಲಿಂದ ನೀರು ಕಾಣುತ್ತದೆ. ಕನುಭಾಯಿ ಬಾಗಿಲು ತೆಗೆದು ಹಲಗೆಗಳನ್ನು ಕೆಳಗೆ ಹಾಕಿದಾಗ ಹೇಮಲತಾ ಕಾಲು ಹೊರಕ್ಕೆ ತಿರುಗಿಸಿ ಮೇಲಿನ ಹಲಗೆಯ ಮೇಲಿಟ್ಟಳು. ಇಳಿಯಲು ಹೊರಟವಳು ಹಾಗೇ ಕೂತಳು. ಮೊದಲ ತಟ್ಟೆ ಇಡ್ಲಿ ಇಳಿದಿತ್ತು. ನಡೆದು ಬಂದವರೊಬ್ಬರು ಮುತ್ತುಗದ ಎಲೆ ಹಿಡಿದು ಅವಳೆದುರು ಬಂದರು. ಅವರ ಎಲೆಯೂ ಅವಳ ಕೈಯೂ ಸರಿಯಾಗಿ ಒಂದೇ ಎತ್ತರದಲ್ಲಿದ್ದವು. ಅವಳು ಬಗ್ಗಬೇಕಿರಲಿಲ್ಲ, ಅವರೂ ಬಗ್ಗಬೇಕಿರಲಿಲ್ಲ.

“ಕೊಳಗ ಎಲ್ಲಿ?” ಎಂದಳು.

ಬಾಲಚಂದ್ರರು ಬಂದು ಅದನ್ನು ಅವಳ ಪಕ್ಕ, ಕನುಭಾಯಿ ಎದ್ದ ಸೀಟಿನ ಮೇಲೆ ಇಟ್ಟರು. ಅವಳು ಸೌಟು ತೆಗೆದುಕೊಂಡಳು. ಬಿಸಿಲೇರುವ ತನಕ ಅಲ್ಲೇ ಕೂತು ಬಡಿಸಿದಳು. ಒಬ್ಬ ಅಜ್ಜ ಚಟ್ನಿಗೆ ಸಕ್ಕರೆ ಕೇಳಿದ. ಬಾಲಚಂದ್ರರು ಜೇಬಿನಿಂದ ಬೆಲ್ಲದ ಚೂರು ತೆಗೆದುಕೊಟ್ಟರು.

ಜನ ಕಡಿಮೆಯಾದಾಗ ಅವರು ಹೊಳೆಯಿಂದ ತಂಬಿಗೆಯಲ್ಲಿ ನೀರು ತಂದು ಹಲಗೆಯ ಮೇಲಿದ್ದ ಅವಳ ಪಾದಕ್ಕೆ ಹೊಯ್ದರು. ಹೇಮಲತಾ ಕಾಲು ಎಳೆದುಕೊಳ್ಳಲಿಲ್ಲ. ಹೊಳೆಯನ್ನು ಸ್ವಲ್ಪ ಹೊತ್ತು ನೋಡಿ, ಕನುಭಾಯಿಯ ಕಡೆ ತಿರುಗಿದಳು.

“ಬರುವ ವರ್ಷಕ್ಕೆ ಬಾಗಿಲಿಗೆ ಒಂದು ಮಡಚುವ ಹಲಗೆ ಬೇಕು. ಸಾಂಬಾರು ಇಡ್ಲಿಕ್ಕೆ ಜಾಗ ಇಲ್ಲ.”

ಕನುಭಾಯಿ ಬಾಗಿಲಿನ ಅಗಲವನ್ನು ಗೇಣು ಹಾಕಿ ಅಳೆದ.